ಪ್ರಾಸವಿದ್ದರೂ ಕುರ್‌ಆನ್ ತನ್ನನ್ನು ಕಾವ್ಯವಲ್ಲ ಎನ್ನುವುದೇಕೆ?

ಪ್ರಾಸವೂ ನಾದವೂ ಇರುವ ಗ್ರಂಥವನ್ನು ಮುಸ್ಲಿಮರು ಕಾವ್ಯವೆಂದು ಏಕೆ ಒಪ್ಪುವುದಿಲ್ಲ ಎಂಬ ಪ್ರಶ್ನೆ ಹೊಸದಲ್ಲ. ಏಳನೆಯ ಶತಮಾನದ ಮಕ್ಕಾದಲ್ಲಿಯೇ ವಿರೋಧಿಗಳು ಪ್ರವಾದಿ ಮುಹಮ್ಮದರನ್ನು ಕವಿಯೆಂದು ಕರೆದಿದ್ದರು. ಅಂದಿನ ಅರಬರಲ್ಲಿ ಕವಿಯೆಂದರೆ ಕುಲದ ಕೀರ್ತಿಯನ್ನು ಹಾಡುವವನು, ವೈರಿಗಳನ್ನು ಹಳಿಯುವವನು, ಕಣ್ಣಿಗೆ ಕಾಣದ ಜೀವಿಗಳಾದ ಜಿನ್ನ್‌ಗಳಿಂದ ಪ್ರೇರಣೆ ಪಡೆಯುವವನು ಎಂಬ ನಂಬಿಕೆಯಿದ್ದುದರಿಂದ, ಆ ಮಾತು ಹೊಗಳಿಕೆಯಾಗಿರದೆ ಸಂದೇಶದ ದೈವಿಕ ಮೂಲವನ್ನೇ ಅಲ್ಲಗಳೆಯುವ ಆರೋಪವಾಗಿತ್ತು. ಇದಕ್ಕೆ ಉತ್ತರವಾಗಿ ಕುರ್‌ಆನ್‌ನ ಯಾಸೀನ್ ಅಧ್ಯಾಯದ 69ನೆಯ ವಚನವು, ದೇವರ ಮಾತಾಗಿ, ನಾವು ಪ್ರವಾದಿಯವರಿಗೆ ಕಾವ್ಯವನ್ನು ಕಲಿಸಿಲ್ಲ, ಅದು ಅವರಿಗೆ ತಕ್ಕದ್ದೂ ಅಲ್ಲ ಎಂಬ ಅರ್ಥದಲ್ಲಿ ಹೇಳುತ್ತದೆ.

ರೂಪದ ದೃಷ್ಟಿಯಿಂದಲೂ ವ್ಯತ್ಯಾಸವಿದೆ. ಸಾಂಪ್ರದಾಯಿಕ ಅರಬೀ ಕಾವ್ಯ ನಿಗದಿತ ಛಂದಸ್ಸುಗಳಲ್ಲಿ ನಡೆಯುತ್ತದೆ. ಕುರ್‌ಆನ್‌ನಲ್ಲಿ ಅಂತ್ಯಪ್ರಾಸ ಹೇರಳವಾಗಿದ್ದರೂ ಅಂಥ ಛಂದಸ್ಸಿನ ಕಟ್ಟುಪಾಡು ಇಲ್ಲ.

ಆದರೆ ನನ್ನ ದೃಷ್ಟಿಯಲ್ಲಿ ಉದ್ದೇಶವೇ ಹೆಚ್ಚು ನಿರ್ಣಾಯಕ. ಎರಡನೆಯ ಅಧ್ಯಾಯದ ಆರಂಭದಲ್ಲಿಯೇ ಈ ಗ್ರಂಥ ತನ್ನನ್ನು ದೇವಭಯವುಳ್ಳವರಿಗೆ ಮಾರ್ಗದರ್ಶನವೆಂದು ಪರಿಚಯಿಸಿಕೊಳ್ಳುತ್ತದೆ, ಮತ್ತು ಅದರ ಅತಿ ದೀರ್ಘ ವಚನವಾದ ಅದೇ ಅಧ್ಯಾಯದ 282ನೆಯದು ಸಾಲದ ಕರಾರನ್ನು ಬರೆದಿಡಬೇಕು, ಸಾಕ್ಷಿಗಳನ್ನು ಇರಿಸಿಕೊಳ್ಳಬೇಕು ಎಂಬಂಥ ವ್ಯವಹಾರದ ವಿಧಿಗಳಿಗೆ ಮೀಸಲಾಗಿದೆ. ಇಲ್ಲಿ ನಾದವು ಕಂಠಪಾಠಕ್ಕೂ ಪಾರಾಯಣಕ್ಕೂ ನೆರವಾಗುತ್ತದೆ. ವಿಶ್ವಾಸಿಗೆ ಮುಖ್ಯವಾಗುವುದು ಆಜ್ಞೆಯ ಪಾಲನೆ.

ಹಾಗೆಂದು ಇದು ಕಾವ್ಯದ್ವೇಷವಲ್ಲ. ಕವಿಗಳ ಹೆಸರನ್ನೇ ಹೊತ್ತ 26ನೆಯ ಅಧ್ಯಾಯವು, ತಾವು ಮಾಡದ್ದನ್ನು ಹೇಳುವ ಕವಿಗಳನ್ನು ಟೀಕಿಸಿದ ಬೆನ್ನಲ್ಲೇ ವಿಶ್ವಾಸವಿಟ್ಟು ಸತ್ಕರ್ಮ ಮಾಡುವವರನ್ನು ಹೊರತುಪಡಿಸುತ್ತದೆ. ಹಸ್ಸಾನ್ ಇಬ್ನ್ ಸಾಬಿತ್ ಎಂಬ ಕವಿ ಪ್ರವಾದಿಯವರ ಸಂಗಡಿಗರಲ್ಲಿಯೇ ಒಬ್ಬರಾಗಿದ್ದರು.