ರಕ್ತ ಅದೇ, ಮಾತು ಬೇರೆ: ಕರಾಳ ಅನಿಮೆಗಳ ಅಣಕದಲ್ಲಿ ನಗು ಎಲ್ಲಿಂದ ಬರುತ್ತದೆ?

ಪ್ರಶ್ನೆ: 'ಹೆಲ್ಸಿಂಗ್ ಅಲ್ಟಿಮೇಟ್' ಎಂಬ ಅನಿಮೆಯನ್ನು, ಅಂದರೆ ಜಪಾನಿನ ಅನಿಮೇಷನ್ ಸರಣಿಯನ್ನು, ಪೂರ್ತಿ ನೋಡಿ ಮುಗಿಸಿದ ಮೇಲೆ ಅಭಿಮಾನಿಗಳು ತಮ್ಮದೇ ಸಂಭಾಷಣೆ ಹಾಕಿ ಮಾಡಿದ ಅದರ ಅಣಕು ಸರಣಿಯನ್ನು ನೋಡಿದೆ. ದೃಶ್ಯಗಳು ಅವೇ, ಸಾಯುವವರೂ ಅವರೇ. ಆದರೆ ಮೊದಲ ಸಲ ಬೆಚ್ಚಿಬಿದ್ದ ಜಾಗದಲ್ಲೇ ಎರಡನೇ ಸಲ ಹೊಟ್ಟೆ ಹುಣ್ಣಾಗುವಂತೆ ನಕ್ಕೆ, ಆಮೇಲೆ ಸ್ವಲ್ಪ ಮುಜುಗರವೂ ಆಯಿತು. ಮಾತು ಬದಲಾದ ಮಾತ್ರಕ್ಕೆ ಹಿಂಸೆ ಹಾಸ್ಯವಾಗುವುದು ಹೇಗೆ? ಇದು ಮೂಲ ಕೃತಿಗೆ ಮಾಡಿದ ಅಪಚಾರವಲ್ಲವೇ?

ಉತ್ತರ: ನಿಮಗಾದ ಮುಜುಗರದಿಂದಲೇ ಆರಂಭಿಸೋಣ, ಏಕೆಂದರೆ ನೀವು ಗಮನವಿಟ್ಟು ನೋಡಿದ್ದೀರಿ ಎಂಬುದಕ್ಕೆ ಅದೇ ಸಾಕ್ಷಿ. ಅಣಕ ಮಾಡಿದವರು ಹಿಂಸೆಯನ್ನು ತೆಗೆದುಹಾಕಿಲ್ಲ. ಒಂದು ಹನಿ ರಕ್ತವನ್ನೂ ಒರೆಸದೆ, ಆ ರಕ್ತ ಯಾವ ಕಾರಣಕ್ಕೆ ಹರಿಯಿತು ಎಂಬುದನ್ನು ಮಾತ್ರ ಬದಲಾಯಿಸಿದ್ದಾರೆ. ಮೂಲದಲ್ಲಿ ಕೊಲ್ಲುವವನ ಬೆನ್ನಿಗೆ ಶಾಪ, ಪ್ರತಿಜ್ಞೆ, ಶತಮಾನಗಳ ದಣಿವು ಇವೆಲ್ಲ ಇದ್ದರೆ, ಅಣಕದಲ್ಲಿ ಅವನಿಗೆ ಹೊತ್ತು ಹೋಗಬೇಕಾಗಿದೆ, ಅಷ್ಟೆ. ಕೃತ್ಯವು ಭೀಕರವಾಗಿಯೇ ಉಳಿದು ಅದರ ಕಾರಣ ಮಾತ್ರ ತೀರ ಕ್ಷುಲ್ಲಕವಾದಾಗ ಎರಡರ ನಡುವೆ ಉಂಟಾಗುವ ಅಸಂಗತಿಯೇ ನಿಮ್ಮನ್ನು ನಗಿಸಿದ್ದು. ಭರತನು ನಾಟ್ಯಶಾಸ್ತ್ರದಲ್ಲಿ ಹಾಸ್ಯವು ಶೃಂಗಾರದಿಂದ ಹುಟ್ಟುತ್ತದೆ ಎಂದು ಹೇಳಿದರೆ, ಅದಕ್ಕೆ ವ್ಯಾಖ್ಯಾನ ಬರೆದ ಅಭಿನವಗುಪ್ತನು ಇನ್ನೂ ಮುಂದೆ ಹೋಗಿ, ಯಾವ ರಸವೇ ಆಗಲಿ ಅನುಚಿತವಾದ ಎಡೆಯಲ್ಲಿ ತೋರಿಕೊಂಡರೆ ಆಭಾಸವಾಗಿ ಹಾಸ್ಯಕ್ಕೆ ಎಡೆಮಾಡುತ್ತದೆ ಎಂದನು. ರೌದ್ರ, ಭಯಾನಕ, ಬೀಭತ್ಸಗಳೇ ತುಂಬಿದ ಅನಿಮೆಯೊಂದು ಅಣಕಿಸುವವರ ಕೈಗೆ ಸಿಕ್ಕಾಗ ಆಗುವುದು ಬಹುಮಟ್ಟಿಗೆ ಇದೇ.

ಇಂತಹ ಅಣಕಗಳನ್ನು ಅಭಿಮಾನಿಗಳು 'ಅಬ್ರಿಜ್ಡ್' ಸರಣಿಗಳು ಎಂದು ಕರೆಯುತ್ತಾರೆ. ಮೂಲದ ಕಂತುಗಳನ್ನು ಕತ್ತರಿಸಿ ಕೆಲವೇ ನಿಮಿಷಗಳಿಗೆ ಇಳಿಸಿ, ಹೊಸ ಸಂಭಾಷಣೆ ಬರೆದು, ತಾವೇ ಕಂಠದಾನ ಮಾಡುವ ಈ ಪದ್ಧತಿಗೆ ಹೆಸರನ್ನೂ ಮಾದರಿಯನ್ನೂ ಕೊಟ್ಟದ್ದು 2006ರಲ್ಲಿ ಲಿಟಲ್‌ಕುರಿಬೋ ಎಂಬ ಹೆಸರಿನಲ್ಲಿ ಒಬ್ಬ ಅಭಿಮಾನಿ ಆರಂಭಿಸಿದ 'ಯು-ಗಿ-ಓ' ಅಣಕ. ಬೇರೆಯವರ ಚಿತ್ರಕ್ಕೆ ತಮ್ಮ ಮಾತು ಹಾಕಿ ನಗಿಸುವುದು ಅದಕ್ಕಿಂತ ಬಹಳ ಹಳೆಯದು. ವುಡಿ ಅಲೆನ್ 1966ರಲ್ಲೇ ಜಪಾನಿನ ಒಂದು ಗೂಢಚಾರ ಚಿತ್ರಕ್ಕೆ ಹೊಸ ಸಂಭಾಷಣೆ ಜೋಡಿಸಿ ಅದನ್ನು ಬೇರೆಯೇ ಚಿತ್ರವನ್ನಾಗಿ ಮಾಡಿದ್ದರು.

'ಯು-ಗಿ-ಓ' ಅಣಕದ ಹಿಂದೆ ಸ್ವಾರಸ್ಯಕರವಾದ ಒಂದು ಹಿನ್ನೆಲೆಯಿದೆ. ಆ ಅನಿಮೆಯನ್ನು ಅಮೆರಿಕದ ಮಕ್ಕಳ ಕಾರ್ಯಕ್ರಮಕ್ಕೆ ಒಗ್ಗಿಸಿದ ಫೋರ್‌ಕಿಡ್ಸ್ ಸಂಸ್ಥೆಯು ಪಾತ್ರಗಳ ಕೈಯಲ್ಲಿದ್ದ ಪಿಸ್ತೂಲುಗಳನ್ನು ಚಿತ್ರದಿಂದ ಅಳಿಸಿಹಾಕಿತ್ತು. ಹೀಗಾಗಿ ಕಾವಲುಗಾರರು ಬರಿಯ ಬೆರಳು ತೋರಿಸಿ ಬೆದರಿಸುವಂತೆಯೂ, ಎದುರಿಗಿದ್ದವರು ಆ ಬೆರಳಿಗೇ ಹೆದರಿ ನಡುಗುವಂತೆಯೂ ಕಾಣುತ್ತಿತ್ತು. ಸಾವಿನ ಬದಲು ಛಾಯಾಲೋಕಕ್ಕೆ ಕಳುಹಿಸುತ್ತೇವೆ ಎಂಬ ಮಾತು ಬಂದಿತ್ತು. ಅಂದರೆ ಅಣಕಿಸುವವರು ಬರುವ ಮೊದಲೇ ಅಧಿಕೃತ ಆವೃತ್ತಿಯು ತನಗೆ ಅರಿವಿಲ್ಲದೆ ಅಣಕವಾಗಿತ್ತು! ಅಭಿಮಾನಿಗಳು ಮಾಡಿದ್ದು ಮರೆಮಾಚಿದ ಕತ್ತಲೆಯನ್ನು ಎತ್ತಿ ತೋರಿಸುವ ಕೆಲಸ. ಅಣಕವೆಂದರೆ ಕರಾಳವಾದದ್ದನ್ನು ಹಗುರಗೊಳಿಸುವುದು ಎಂಬ ಸಾಮಾನ್ಯ ನಂಬಿಕೆ ಇಲ್ಲಿ ಪೂರ್ತಿ ತಲೆಕೆಳಗಾಗುತ್ತದೆ.

ತಾಂತ್ರಿಕವಾಗಿ ಅನಿಮೆಯು ಈ ಕೆಲಸಕ್ಕೆ ಹೇಳಿ ಮಾಡಿಸಿದ ಮಾಧ್ಯಮ. ಪರದೆಯ ಮೇಲೆ ಸೆಕೆಂಡಿಗೆ 24 ಚೌಕಟ್ಟುಗಳು ಸಾಗಿದರೂ ಟಿವಿ ಅನಿಮೆಯಲ್ಲಿ ಒಂದೇ ಚಿತ್ರವನ್ನು ಸಾಮಾನ್ಯವಾಗಿ ಮೂರು ಚೌಕಟ್ಟುಗಳ ಕಾಲ ಹಿಡಿದಿಡುವುದರಿಂದ ಸೆಕೆಂಡಿಗೆ ಸುಮಾರು ಎಂಟು ಚಿತ್ರಗಳಷ್ಟೇ ಬದಲಾಗುತ್ತವೆ, ಮಾತಾಡುವ ಬಾಯಿಗೆ ಮುಚ್ಚಿದ, ಅರೆ ತೆರೆದ, ಪೂರ್ತಿ ತೆರೆದ ಭಂಗಿಗಳಷ್ಟೇ ಸಾಕಾಗುತ್ತವೆ. ಆದ್ದರಿಂದ ಯಾವ ಮಾತನ್ನು ಬೇಕಾದರೂ ಆ ತುಟಿಗಳ ಮೇಲೆ ಕೂರಿಸಬಹುದು. ಕರಾಳ ಕಥೆಗಳಲ್ಲಂತೂ ಅಲುಗದೆ ನಿಂತು ದಿಟ್ಟಿಸುವ ಮುಖಗಳು, ಬೆನ್ನು ತಿರುಗಿಸಿದ ಆಕೃತಿಗಳು, ನೆರಳಿನಲ್ಲಿ ಮಿನುಗುವ ಕನ್ನಡಕಗಳು ಹೇರಳವಾಗಿರುತ್ತವೆ. ಗಾಂಭೀರ್ಯಕ್ಕಾಗಿ ಬಿಟ್ಟ ಆ ಮೌನಗಳೇ ಹಾಸ್ಯಕ್ಕೆ ಬೇಕಾದ ಬಿಡುವುಗಳೂ ಆಗುತ್ತವೆ.

ಇನ್ನು ನೀವು ನೋಡಿದ ಕೃತಿಯ ವಿಷಯ. ಕೋಟಾ ಹಿರಾನೊ ಅವರ 'ಹೆಲ್ಸಿಂಗ್' ಮಂಗಾ (ಜಪಾನಿ ಕಾಮಿಕ್ಸ್) 1997ರಿಂದ 2008ರವರೆಗೆ ಪ್ರಕಟವಾಯಿತು. ಅದನ್ನು ಆಧರಿಸಿದ 'ಅಲ್ಟಿಮೇಟ್' 2006ರಿಂದ 2012ರ ನಡುವೆ ಹತ್ತು ಕಂತುಗಳಲ್ಲಿ ಬಂತು. ಟೀಮ್‌ಫೋರ್‌ಸ್ಟಾರ್ ತಂಡವು ಅದರ ಅಣಕವನ್ನು 2010ರಲ್ಲಿ ಆರಂಭಿಸಿದಾಗ ಮೂಲವೇ ಇನ್ನೂ ಮುಗಿದಿರಲಿಲ್ಲ. ಮೂಲದ ಅಲುಕಾರ್ಡ್ ಬ್ರಿಟನ್ನಿನ ಒಂದು ರಹಸ್ಯ ಸಂಸ್ಥೆಗೆ ಅಡಿಯಾಳಾಗಿರುವ ರಕ್ತಪಿಶಾಚಿ, ಆ ಸಂಸ್ಥೆಯ ಮುಖ್ಯಸ್ಥೆ ಇಂಟೆಗ್ರಾ ಅವನ ಒಡತಿ. ಬ್ರೆಜಿಲ್‌ನ ಹೋಟೆಲೊಂದರಲ್ಲಿ ಅವನನ್ನು ಪೊಲೀಸರು ಸುತ್ತುವರಿದಾಗ, ಎದುರಿಗಿರುವವರು ರಾಕ್ಷಸರಲ್ಲ, ಮನುಷ್ಯರು ಎಂದು ಒಡತಿಗೆ ಫೋನಿನಲ್ಲಿ ತಿಳಿಸಿ, ಕೊಲ್ಲಲು ಆಜ್ಞೆ ಕೊಡುವೆಯಾ ಎಂದು ಅವನು ಕೇಳುವ ದೃಶ್ಯವನ್ನು ನೆನಪಿಸಿಕೊಳ್ಳಿ. ಕೊಲ್ಲುವ ಆಯುಧ ತಾನಾದರೂ ಹೊಣೆ ಆಜ್ಞೆ ಕೊಟ್ಟವಳದು ಎಂಬ ಗಂಭೀರ ಪ್ರಶ್ನೆಯನ್ನು ಹಿರಾನೊ ಅಲ್ಲಿ ಎತ್ತುತ್ತಾರೆ. ಅಣಕದಲ್ಲಿ ಈ ಒಡತಿ ಮತ್ತು ಅಡಿಯಾಳಿನ ಸಂಬಂಧವು ರೋಸಿಹೋದ ಮೇಲಧಿಕಾರಿ ಮತ್ತು ಕೆಲಸದಿಂದ ತೆಗೆದುಹಾಕಲಾಗದ ಉಡಾಳ ನೌಕರನ ಸಂಬಂಧವಾಗುತ್ತದೆ. ಹೆಣಗಳ ನಡುವೆ ನಿಂತಿರುವವನು ಸುಮ್ಮನೆ ಅಡ್ಡಾಡಲು ಬಂದೆ, ರಾತ್ರಿ ಬಹಳ ಚೆನ್ನಾಗಿದೆ ಎನ್ನುತ್ತಾನೆ.

ಇದು ಅಪಚಾರವೇ? ನನಗೆ ಹಾಗೆ ಅನ್ನಿಸುವುದಿಲ್ಲ. 'ಹೆಲ್ಸಿಂಗ್' ಹಿಂಸೆಯನ್ನು ಖಂಡಿಸುತ್ತಿದ್ದೇನೆ ಎಂದು ತೋರಿಸಿಕೊಂಡರೂ ಅದರ ಪ್ರತಿ ಚೌಕಟ್ಟಿನಲ್ಲೂ ಹಿಂಸೆಯನ್ನು ಸವಿಯುತ್ತದೆ. ಹಿರಾನೊ ಸ್ವತಃ ಮಂಗಾದ ನಡುನಡುವೆ ಪಾತ್ರಗಳನ್ನು ಕುಬ್ಜವಾಗಿ ಎಳೆದು ತಮಾಷೆ ಮಾಡುತ್ತಾರೆ. ಅಣಕವು ಆ ಸವಿಯುವಿಕೆಯನ್ನು ಮುಚ್ಚುಮರೆಯಿಲ್ಲದೆ ಒಪ್ಪಿಕೊಂಡಿತು. ಮೂಲವನ್ನು ನೋಡುವಾಗ ನಾವು ಅಲುಕಾರ್ಡ್‌ನ ದುರಂತಕ್ಕೆ ಮರುಗುತ್ತಿದ್ದೇವೆ ಎಂದು ಹೇಳಿಕೊಳ್ಳುತ್ತಾ ವಾಸ್ತವದಲ್ಲಿ ಮುಂದಿನ ಹೊಡೆದಾಟಕ್ಕೆ ಕಾಯುತ್ತಿದ್ದೆವು. ನಿಮ್ಮ ಮುಜುಗರದ ಒಂದು ಪಾಲು ಆ ಗುಟ್ಟು ಹೊರಬಿದ್ದದ್ದರಿಂದ ಆಗಿರಬಹುದು.

ಎಲ್ಲ ಅಣಕಗಳಿಗೂ ಈ ರಿಯಾಯಿತಿ ಸಲ್ಲದು. ಆರಂಭದ ವರ್ಷಗಳ ಎಷ್ಟೋ ಸರಣಿಗಳು ಕೊಂದವನನ್ನು ಬಿಟ್ಟು ಸತ್ತವರನ್ನೇ ಗೇಲಿ ಮಾಡಿದವು. ಲೈಂಗಿಕ ದೌರ್ಜನ್ಯವನ್ನೂ ಸಲಿಂಗಿಗಳನ್ನೂ ಸುಲಭದ ನಗೆಗೆ ಬಳಸಿಕೊಂಡವು. ಅವನ್ನು ಇಂದು ನೋಡಿದರೆ ನಗು ಬರುವುದಿಲ್ಲ, ಮತ್ತು ಆ ವಿಷಯದಲ್ಲಿ ಕಾಲ ಬದಲಾಗಿದೆ ಎಂಬ ಸಮಜಾಯಿಷಿಯೂ ನನಗೆ ಒಪ್ಪಿಗೆಯಿಲ್ಲ. ಅಂದೂ ಅದು ಸೋಮಾರಿತನದ ಬರವಣಿಗೆಯೇ ಆಗಿತ್ತು. ಗಾಂಭೀರ್ಯದ ಸೋಗು ಎಲ್ಲಿದೆಯೋ ಅಲ್ಲಿ ಅಣಕಕ್ಕೆ ಹಿಡಿತ ಸಿಗುತ್ತದೆ. ಸೋಗಿಲ್ಲದ ಸಂಕಟವನ್ನು ಅಣಕಿಸಹೊರಟವರು ಸಾಮಾನ್ಯವಾಗಿ ಕ್ರೌರ್ಯಕ್ಕೆ ಜಾರುತ್ತಾರೆ.

ಪ್ರಶ್ನೆ: 'ಸ್ವೋರ್ಡ್ ಆರ್ಟ್ ಆನ್‌ಲೈನ್' ಅನಿಮೆಗಿಂತ ಅದರ ಅಣಕವೇ ಉತ್ತಮ ಕಥೆ ಎಂದು ನನ್ನ ತಂಗಿ ವಾದಿಸುತ್ತಾಳೆ. ಮೂಲವಿಲ್ಲದೆ ಹುಟ್ಟಲಾರದ ಕೃತಿ ಮೂಲವನ್ನು ಮೀರಿಸುವುದು ಸಾಧ್ಯವೇ?

ಉತ್ತರ: ನಿಮ್ಮ ತಂಗಿಯ ವಾದದಲ್ಲಿ ಹುರುಳಿದೆ. ರೆಕಿ ಕವಾಹರಾ ಅವರ ಕಾದಂಬರಿ ಸರಣಿಯನ್ನು ಆಧರಿಸಿ 2012ರಲ್ಲಿ ಬಂದ ಆ ಅನಿಮೆಯಲ್ಲಿ ಹತ್ತು ಸಾವಿರ ಆಟಗಾರರು ಒಂದು ಆಟದೊಳಗೆ ಸಿಕ್ಕಿಕೊಳ್ಳುತ್ತಾರೆ; ಆಟದಲ್ಲಿ ಸತ್ತವರು ನಿಜವಾಗಿಯೂ ಸಾಯುತ್ತಾರೆ. ಅವರಲ್ಲಿ ಸಾವಿರಾರು ಜನರ ಸಾವಿಗೆ ಕಾರಣನಾದ ಕಯಾಬಾ ಎಂಬ ಆಟದ ಸೃಷ್ಟಿಕರ್ತನನ್ನು ಕೊನೆಯಲ್ಲಿ ಹೀಗೇಕೆ ಮಾಡಿದೆ ಎಂದು ಕೇಳಿದರೆ, ಅವನು ಬಹಳ ಹೊತ್ತು ಯೋಚಿಸಿದವನಂತೆ, ಕಾರಣ ತನಗೇ ಮರೆತುಹೋಗಿತ್ತು ಎಂಬರ್ಥದ ಉತ್ತರ ಕೊಡುತ್ತಾನೆ. ಇಡೀ ಕಥೆ ನಿಂತಿರುವ ಕಂಬವೇ ಟೊಳ್ಳೆಂದು ಆಗ ಪ್ರೇಕ್ಷಕರಿಗೆ ಗೊತ್ತಾಗುತ್ತದೆ.

ಸಮ್‌ಥಿಂಗ್ ವಿಟ್ಟಿ ಎಂಟರ್‌ಟೈನ್‌ಮೆಂಟ್ ತಂಡವು 2013ರಲ್ಲಿ ಆರಂಭಿಸಿದ ಅಣಕವು ಆ ಟೊಳ್ಳಿಗೇ ಕೈಹಾಕಿತು. ಅವರ ಕಯಾಬಾ ಯಾರನ್ನೂ ಕೊಲ್ಲಲು ಹೊರಟವನಲ್ಲ. ಬಿಡುಗಡೆಯ ಗಡುವು ತಲೆಯ ಮೇಲಿದ್ದಾಗ ನಿದ್ದೆಗೆಟ್ಟು ಬರೆದ ಪ್ರೋಗ್ರಾಮಿನಲ್ಲಿ ದೋಷ ಉಳಿದು ಜನ ಸಾಯತೊಡಗುತ್ತಾರೆ, ಅದನ್ನು ಒಪ್ಪಿಕೊಳ್ಳುವ ಧೈರ್ಯವಿಲ್ಲದೆ ಅವನು ಎಲ್ಲವೂ ತನ್ನ ಘೋರ ಯೋಜನೆಯೇ ಎಂಬ ವೇಷ ಹಾಕುತ್ತಾನೆ. ಇದು ನಗೆಯ ಮಾತು, ನಿಜ. ಆದರೆ ಸಾವಿರಾರು ಜನರನ್ನು ಗೊತ್ತುಗುರಿಯಿಲ್ಲದೆ ಬಲಿಕೊಟ್ಟ ಪ್ರತಿಭಾವಂತನಿಗಿಂತ, ತಪ್ಪು ಮುಚ್ಚಿಕೊಳ್ಳಲು ರಾಕ್ಷಸನ ಸೋಗು ಹಾಕಿದ ದಣಿದ ತಂತ್ರಜ್ಞನನ್ನು ನಂಬುವುದು ಸುಲಭ; ಅವನಲ್ಲಿ ಹೆಚ್ಚು ಭಯ ಹುಟ್ಟಿಸುವ ಗುಣವೂ ಇದೆ, ಏಕೆಂದರೆ ಅಂತಹವರನ್ನು ನಾವು ಬಲ್ಲೆವು. ನಾಯಕ ಕಿರಿಟೊ ಕೂಡ ಅಲ್ಲಿ ಸಿಡುಕ, ಜನರನ್ನು ಕಂಡರಾಗದವನು. ಹಾಗಾಗಿ ಅವನು ಒಂದಿಷ್ಟು ಮೃದುವಾದಾಗ ಅದಕ್ಕೆ ಬೆಲೆ ಬರುತ್ತದೆ, ಮೂಲದಲ್ಲಿ ಅವನಿಗೆ ಬದಲಾಗುವ ಅಗತ್ಯವೇ ಇರಲಿಲ್ಲ.

ಅಂದರೆ ಇಲ್ಲಿ ಅಣಕವು ವಿಮರ್ಶೆಯ ಕೆಲಸ ಮಾಡಿತು: ದೋಷವನ್ನು ಗುರುತಿಸಿ, ಅದೇ ಚಿತ್ರಗಳನ್ನು ಬಳಸಿ ಅದನ್ನು ತಿದ್ದಿತು. ಆದರೂ ನಿಮ್ಮ ತಂಗಿಗೆ ಒಂದು ಮಾತು ಹೇಳಿ. ಆ ತಿದ್ದುಪಡಿಯ ಸೊಗಸು ಮೂಲವನ್ನು ನೋಡಿದವರಿಗೆ ಮಾತ್ರ ಪೂರ್ತಿ ದಕ್ಕುತ್ತದೆ. ಕಯಾಬಾನ ಮೊದಲ ಉತ್ತರವನ್ನು ಕೇಳಿ ನಿರಾಶರಾಗಿದ್ದರೆ ಎರಡನೆಯ ಉತ್ತರ ಔಷಧಿಯಂತೆ ನಾಟುತ್ತದೆ, ಇಲ್ಲವಾದರೆ ಅದು ಬರಿಯ ಜಾಣ ಹಾಸ್ಯ.

ಮೂಲದ ಒಡೆಯರೇ ಅಣಕ ಮಾಡಿದ ಉದಾಹರಣೆಯನ್ನೂ ಪಕ್ಕದಲ್ಲಿಟ್ಟು ನೋಡಬಹುದು. ಹಾಜಿಮೆ ಇಸಾಯಾಮಾ ಅವರ 'ಅಟ್ಯಾಕ್ ಆನ್ ಟೈಟನ್' ಕಥೆಯಲ್ಲಿ ನರಭಕ್ಷಕ ದೈತ್ಯರು ನಾಯಕ ಎರೆನ್‌ನ ತಾಯಿಯನ್ನು ಅವನ ಕಣ್ಣೆದುರೇ ತಿನ್ನುತ್ತಾರೆ. ಅದೇ ಪಾತ್ರಗಳನ್ನು ಶಾಲೆಗೆ ಸೇರಿಸಿ 2015ರಲ್ಲಿ ತೆರೆಗೆ ತಂದ 'ಜೂನಿಯರ್ ಹೈ' ಎಂಬ ಅಧಿಕೃತ ಅಣಕದಲ್ಲಿ ಆ ದೈತ್ಯರು ಎರೆನ್‌ನ ಊಟವನ್ನು ಕಸಿದು ತಿನ್ನುತ್ತಾರೆ, ಅವನ ದ್ವೇಷ ಮಾತ್ರ ಮೊದಲಿನಷ್ಟೇ ಉಗ್ರವಾಗಿರುತ್ತದೆ. ಮುದ್ದಾಗಿದೆ, ಆದರೆ ಅದು ಮೂಲವನ್ನು ಎಲ್ಲಿಯೂ ಪ್ರಶ್ನಿಸುವುದಿಲ್ಲ. ತನ್ನ ಸೊತ್ತನ್ನು ತಾನೇ ಗೇಲಿ ಮಾಡುವವರು ಎಲ್ಲಿ ಚಿವುಟಿದರೆ ನೋಯುವುದಿಲ್ಲವೋ ಅಲ್ಲಿಯೇ ಚಿವುಟುತ್ತಾರೆ.

ಪ್ರಶ್ನೆ: ಇಂತಹ ಅಣಕಗಳು ಕಾನೂನಿಗೆ ವಿರುದ್ಧವೇ? ಜಪಾನಿನಲ್ಲಿ ಇವಕ್ಕೆ ಅನುಮತಿ ಇದೆಯೇ?

ಉತ್ತರ: ಅಮೆರಿಕದಲ್ಲಿ ನ್ಯಾಯಯುತ ಬಳಕೆ ಎಂಬ ತತ್ವವಿದೆ, ಅಣಕವೂ ಅದರ ರಕ್ಷಣೆ ಪಡೆಯಬಹುದೆಂದು ಅಲ್ಲಿನ ಸುಪ್ರೀಂ ಕೋರ್ಟ್ 1994ರಲ್ಲಿ ಒಂದು ಹಾಡಿನ ಪ್ರಕರಣದಲ್ಲಿ ಹೇಳಿದೆ. ಆದರೆ ಈ ರಕ್ಷಣೆ ತಾನಾಗಿ ಸಿಗುವುದಿಲ್ಲ, ಪ್ರತಿ ಕೃತಿಯನ್ನೂ ಪ್ರತ್ಯೇಕವಾಗಿ ತೂಗಿ ನೋಡಲಾಗುತ್ತದೆ.

ಜಪಾನಿನ ಸ್ಥಿತಿ ವಿಚಿತ್ರವಾದದ್ದು. ಅಲ್ಲಿನ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಅಣಕಕ್ಕೆಂದು ಪ್ರತ್ಯೇಕ ವಿನಾಯಿತಿಯಿಲ್ಲ, ಮೇಲಾಗಿ ತನ್ನ ಕೃತಿಯನ್ನು ತನ್ನ ಇಚ್ಛೆಗೆ ವಿರುದ್ಧವಾಗಿ ಬದಲಾಯಿಸದಂತೆ ತಡೆಯುವ ಹಕ್ಕನ್ನು 20ನೇ ವಿಧಿಯು ಕರ್ತೃವಿಗೆ ಕೊಡುತ್ತದೆ. ಹಿಮದ ಇಳಿಜಾರಿನಲ್ಲಿ ಜಾರಿ ಬರುವವರ ಛಾಯಾಚಿತ್ರವೊಂದರ ಮೇಲ್ಭಾಗಕ್ಕೆ ದೊಡ್ಡ ಟೈರನ್ನು ಅಂಟಿಸಿ, ಹಿಮದ ಮೇಲಿನ ಗೆರೆಗಳೆಲ್ಲ ಚಕ್ರದ ಗುರುತುಗಳಂತೆ ಕಾಣಿಸಿದ ಕಲಾವಿದರೊಬ್ಬರ ವಿರುದ್ಧ ಅಲ್ಲಿನ ಸುಪ್ರೀಂ ಕೋರ್ಟ್ 1980ರಲ್ಲಿ ತೀರ್ಪು ಕೊಟ್ಟಿತು. ಆದರೂ ಆ ದೇಶದಲ್ಲಿಯೇ ಅಭಿಮಾನಿಗಳ ಅಣಕ ಸೊಂಪಾಗಿ ಬೆಳೆದಿದೆ. 1975ರ ಡಿಸೆಂಬರ್‌ನಲ್ಲಿ ಟೋಕಿಯೊದಲ್ಲಿ 32 ತಂಡಗಳೊಂದಿಗೆ ಆರಂಭವಾದ ಕೊಮಿಕೆಟ್ ಮೇಳದಲ್ಲಿ, 'ದೋಜಿನ್‌ಶಿ' ಎಂದು ಕರೆಯುವ ಸ್ವಯಂ ಪ್ರಕಟಿತ ಪುಸ್ತಕಗಳ ರಾಶಿಯಲ್ಲಿ ಪ್ರಸಿದ್ಧ ಪಾತ್ರಗಳ ಅಣಕಕ್ಕೆ ಇಂದಿಗೂ ದೊಡ್ಡ ಜಾಗವಿದೆ. ಇದು ನಡೆಯುವುದು ಅನುಮತಿಯಿಂದಲ್ಲ, ಕಂಡೂ ಕಾಣದಂತಿರುವ ಪ್ರಕಾಶಕರ ಸಹನೆಯಿಂದ. 2018ರ ಕೊನೆಯಲ್ಲಿ ಜಾರಿಗೆ ಬಂದ ತಿದ್ದುಪಡಿಯು ಕೆಲವು ಕೃತಿಸ್ವಾಮ್ಯ ಅಪರಾಧಗಳಲ್ಲಿ ಹಕ್ಕುದಾರರ ದೂರಿಲ್ಲದೆಯೂ ಮೊಕದ್ದಮೆ ಹೂಡಲು ಅವಕಾಶ ಕೊಟ್ಟಾಗಲೂ, ಅದನ್ನು ಮೂಲವನ್ನು ಯಥಾವತ್ತಾಗಿ ನಕಲು ಮಾಡಿ ಮಾರುವಂತಹ ಪ್ರಕರಣಗಳಿಗೆ ಸೀಮಿತಗೊಳಿಸಿ ಇಂತಹ ರೂಪಾಂತರಗಳನ್ನು ಹೊರಗಿಟ್ಟಿತು.

ಅಬ್ರಿಜ್ಡ್ ಸರಣಿಗಳಿಗೆ ಆ ಸಹನೆಯ ನೆರಳು ಅಷ್ಟಾಗಿ ಸಿಗುವುದಿಲ್ಲ. ದೋಜಿನ್‌ಶಿ ಮಾಡುವವರು ಚಿತ್ರವನ್ನು ತಾವೇ ಬರೆಯುತ್ತಾರೆ, ಇವರು ಮೂಲದ ದೃಶ್ಯಗಳನ್ನೇ ಬಳಸುತ್ತಾರೆ. ಹೀಗಾಗಿ ಹಕ್ಕುದಾರರ ದೃಶ್ಯಗಳನ್ನು ತಾನಾಗಿ ಗುರುತಿಸುವ ಯೂಟ್ಯೂಬ್‌ನ ವ್ಯವಸ್ಥೆಗೆ ಅಣಕವೂ ಕಳ್ಳನಕಲೂ ಒಂದೇ ಸಮನಾಗಿ ಕಾಣಬಹುದು. ಟೀಮ್‌ಫೋರ್‌ಸ್ಟಾರ್ ತಂಡವು ತನ್ನ ಅತ್ಯಂತ ಜನಪ್ರಿಯ 'ಡ್ರ್ಯಾಗನ್ ಬಾಲ್ ಝೆಡ್' ಅಣಕವನ್ನು ಮುಂದುವರಿಸುವುದಿಲ್ಲವೆಂದು 2020ರಲ್ಲಿ ಪ್ರಕಟಿಸಿದಾಗ, ವರ್ಷಗಟ್ಟಲೆಯ ದಣಿವಿನ ಜೊತೆಗೆ ಕೃತಿಸ್ವಾಮ್ಯದ ಈ ತೂಗುಗತ್ತಿಯೂ ಕಾರಣಗಳಲ್ಲಿ ಒಂದಾಗಿತ್ತು.