ಹೊಸ ದೇಶದ ಪಾಸ್‌ಪೋರ್ಟ್ ಇದ್ದರೂ ಒಲಿಂಪಿಕ್ಸ್ ಎಂಟ್ರಿ ಯಾಕೆ ಸಿಗಲಿಲ್ಲ?

ಮೊದಲು ಬೇರೆ ದೇಶದ ಪರ ಈಜುತ್ತಿದ್ದ ನಿಮ್ಮ ತಮ್ಮನಿಗೆ ಹೊಸ ಪಾಸ್‌ಪೋರ್ಟೂ ಇದೆ, ಅರ್ಹತಾ ಸಮಯವೂ (ಒಲಿಂಪಿಕ್ಸ್‌ಗೆ ಬೇಕಾದ ಈಜಿನ ವೇಗ) ಇದೆ, ಆದರೂ ಎಂಟ್ರಿ ತಡೆದಿದ್ದಾರೆ ಅಂದರೆ ಬಹುತೇಕ ಕಾರಣ ಮೂರು ವರ್ಷದ ನಿಯಮ. ಒಲಿಂಪಿಕ್ಸ್‌ನ ಮೂಲ ನಿಯಮಾವಳಿಯಾದ ಒಲಿಂಪಿಕ್ ಚಾರ್ಟರ್‌ನ 41ನೇ ನಿಯಮದ ಉಪನಿಯಮದಲ್ಲಿ ಅದಿದೆ. ಹಳೆಯ ದೇಶದ ಪರವಾಗಿ ಕೊನೆಯ ಸಲ ಈಜಿ 3 ವರ್ಷ ಕಳೆದಿರಬೇಕು.

ಮೊದಲು ಆ ಕೊನೆಯ ಕೂಟದ ಫಲಿತಾಂಶದ ಹಾಳೆ ತೆಗೆದು ದಿನಾಂಕ ನೋಡಿ. ನನ್ನ ಮಗಳ ವಿಷಯದಲ್ಲಿ ನಾವು ಸುಮ್ನೆ ಪಾಸ್‌ಪೋರ್ಟ್ ಸಿಕ್ಕ ದಿನದಿಂದ ಎಣಿಸುತ್ತಾ ಕೂತಿದ್ದೆವು. ಎಣಿಕೆ ಶುರುವಾಗೋದು ಕೊನೆಯ ರೇಸ್‌ನಿಂದ. ರಿಲೇ ಹೀಟ್‌ನಲ್ಲಿ (ಪ್ರಾಥಮಿಕ ಸುತ್ತು) ಒಂದೇ ಲೆಗ್ (ತಂಡದಲ್ಲಿ ಒಬ್ಬರ ಪಾಲಿನ ಈಜು) ಈಜಿದ್ದರೂ ಬಿಡಬೇಡಿ, ಬರೆದಿಟ್ಟುಕೊಳ್ಳಿ.

3 ವರ್ಷ ಆಗಿಲ್ಲ ಅಂದರೆ ಹಳೆಯ, ಹೊಸ ಎರಡೂ ದೇಶಗಳ ಒಲಿಂಪಿಕ್ ಸಮಿತಿ ಮತ್ತು ಈಜಿನ ಅಂತರರಾಷ್ಟ್ರೀಯ ಸಂಸ್ಥೆ ವರ್ಲ್ಡ್ ಅಕ್ವಾಟಿಕ್ಸ್ ಒಪ್ಪಬೇಕು. ಆಮೇಲೆ ಐಒಸಿ (ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ) ಕಾರ್ಯಕಾರಿ ಮಂಡಳಿ ಅವಧಿ ಕಡಿಮೆ ಮಾಡಬಹುದು, ಪೂರ್ತಿ ರದ್ದೂ ಮಾಡಬಹುದು. ಮಾಡೇ ಮಾಡುತ್ತಾರೆ ಅಂತ ಹೇಳಲಾರೆ. ಹಳೆಯ ಸಮಿತಿಯ ಒಪ್ಪಿಗೆ ಪತ್ರಕ್ಕೆ ಇವತ್ತೇ ಬರೆಯಿರಿ, ಜಾಸ್ತಿ ತಡವಾಗೋದು ಅಲ್ಲೇ. ಕ್ರೀಡಾ ರಾಷ್ಟ್ರೀಯತೆ (ಯಾವ ದೇಶದ ಪರ ಸ್ಪರ್ಧಿಸುತ್ತಾರೆ ಅನ್ನೋದು) ಬದಲಾವಣೆಯ ಅರ್ಜಿಯನ್ನು ಹೊಸ ದೇಶದ ಈಜು ಫೆಡರೇಷನ್ ಮೂಲಕ ವರ್ಲ್ಡ್ ಅಕ್ವಾಟಿಕ್ಸ್‌ಗೆ ಕಳಿಸಿ.

ದಿನಾಂಕ ಸರಿ ಇದ್ದರೆ ಅರ್ಹತಾ ಸಮಯ ಪರಿಶೀಲಿಸಿ. ಅದು ಮಾನ್ಯತೆ ಪಡೆದ ಕೂಟದಲ್ಲಿ, 50 ಮೀಟರ್ ಕೊಳದಲ್ಲೇ ಬಂದಿರಬೇಕು.