ತೊಟ್ಟಿಲನ್ನು ತರಬಹುದೇ ಎಂದು ಕೇಳಿದವರಿಗೆ

ಮಳೆಗಾಲಕ್ಕೆ ಮುಂಚೆ, ಜೀವಂತ ಶಿಲೀಂಧ್ರವೇ ಗೋಡೆಗಳಾಗಿ ಬೆಳೆದಿರುವ ಈ ಅಣಬೆಯ ನಗರಕ್ಕೆ ಬಂದು ನೆಲೆಸಬೇಕೆಂದಿರುವ ನೀವು ಮೂರು ವಿಷಯ ಕೇಳಿದ್ದೀರಿ: ಎಂಥ ಮನೆ ಹಿಡಿಯಬೇಕು, ಇಲ್ಲಿನ ಗಾಳಿ ಮಗುವಿಗೆ ಒಗ್ಗುತ್ತದೆಯೇ, ಮೂರು ತಲೆಮಾರು ತೂಗಿದ ತೇಗದ ತೊಟ್ಟಿಲನ್ನು ಜೊತೆಗೆ ತರಬಹುದೇ. 22 ವರ್ಷಗಳ ಹಿಂದೆ ಬಂದಾಗ ನಾನು ಯಾರನ್ನೂ ಕೇಳದೆ ಬಿಟ್ಟದ್ದು ಮೂರನೆಯದನ್ನೇ. ಆದ್ದರಿಂದ ಮೊದಲಿನ ಎರಡನ್ನು ಬೇಗ ಮುಗಿಸುತ್ತೇನೆ.

ಮನೆಯನ್ನು ಬಂದ ಮೇಲೆ ನೋಡಿಕೊಳ್ಳಬಹುದು. ಅಮೆರಿಕದ ಆರಿಗಾನ್ ಕಾಡಿನಲ್ಲಿ ಸುಮಾರು 9 ಚದರ ಕಿಲೋಮೀಟರ್ ಹಬ್ಬಿರುವ ಶಿಲೀಂಧ್ರವು ಒಂದೇ ಜೀವಿ ಎಂಬುದನ್ನು ನೀವು ಕೇಳಿರಬಹುದು. ನಮ್ಮ ನಗರ ಹಾಗಲ್ಲ, ಇಲ್ಲಿ ಹಲವು ಜೀವಿಗಳು ಅಕ್ಕಪಕ್ಕದಲ್ಲಿ ಬೆಳೆದಿವೆ. ಒಂದೇ ಜೀವಿಯ ಎಳೆಗಳು ಎದುರಾದರೆ ಬೆಸೆದುಕೊಳ್ಳುತ್ತವೆ, ಬೇರೆಯವಾದರೆ ನಡುವೆ ಕಪ್ಪು ಗೆರೆ ಮೂಡಿ ಎರಡೂ ಅಲ್ಲಿಯೇ ನಿಲ್ಲುತ್ತವೆ. ಅಂಥ ಗೆರೆ ಹಾದಿರುವ ಗೋಡೆಯ ಮನೆ ಬೇಡ.

ಗಾಳಿಯ ಬಗ್ಗೆ ಒಂದು ಎಚ್ಚರಿಕೆ. ಗೋಡೆಗಳು ಗಿಡಗಳಂತೆ ಹಗಲಿನಲ್ಲಿ ಆಮ್ಲಜನಕವನ್ನು ಕೊಡುವುದಿಲ್ಲ. ನಮ್ಮಂತೆಯೇ ಅದನ್ನು ಹೀರಿ ಇಂಗಾಲದ ಡೈಆಕ್ಸೈಡನ್ನು ಬಿಡುತ್ತವೆ. ಗೋಡೆಯಲ್ಲಿ ಏಳುವ ಅಣಬೆಗಳ ಕಾಂಡ ನೀಳವಾಗಿ, ಕೊಡೆ ಅಂಗಿಯ ಗುಂಡಿಯಷ್ಟೇ ಇದ್ದರೆ ಆ ಕೋಣೆಗೆ ಗಾಳಿ ಸಾಲದೆಂದು ಅರ್ಥ. ಮಗುವನ್ನು ಅಲ್ಲಿ ಮಲಗಿಸಬೇಡಿ. ಕಿಂಡಿಗಳನ್ನು ಚಳಿಯಲ್ಲೂ ತೆರೆದಿಡಿ.

ಇನ್ನು ತೊಟ್ಟಿಲು. ನಾನು ಬರುವಾಗ ಬಡಗಿಯಾಗಿದ್ದ ನನ್ನ ತಂದೆಯ ಅಳತೆಕೋಲನ್ನು ತಂದಿದ್ದೆ. ಅದರ ಒಂದು ಮುಖದಲ್ಲಿ ಅವರ ಕೆಲಸದ ಗುರುತುಗಳಿದ್ದವು. ಇನ್ನೊಂದು ಮುಖದಲ್ಲಿ, ನಾವು ಮಕ್ಕಳು ವರ್ಷವರ್ಷವೂ ಅದಕ್ಕೆ ಬೆನ್ನು ಕೊಟ್ಟು ನಿಂತಾಗ, ನಮ್ಮ ನೆತ್ತಿಯ ಮಟ್ಟಕ್ಕೆ ಅವರು ಉಳಿಯಿಂದ ಕೊರೆದ ಗೀರುಗಳಿದ್ದವು. ಅದನ್ನು ನಾನು ಹಾಸಿಗೆಯ ಬಳಿ ಗೋಡೆಗೆ ಒರಗಿಸಿದೆ. ಪಕ್ಕದ ಮನೆಯ ಹಿರಿಯಾಕೆ ನೋಡಿ, ಮರವನ್ನು ಗಾಜಿನ ಕಾಲುಗಳ ಮೇಲೆ, ಗೋಡೆಯಿಂದ ದೂರ, ಒಣಗಿಸಿ ಇಡಬೇಕೆಂದು ಹೇಳಿದರು. ಅದು ಇಲ್ಲಿಯವರ ನಂಬಿಕೆಯಿರಬೇಕೆಂದು ಭಾವಿಸಿ ನಾನು ತಲೆಯಾಡಿಸಿ ಸುಮ್ಮನಾದೆ.

ಕೆಲವು ದಿನಗಳಲ್ಲಿ ಕೋಲಿನ ಬುಡದಲ್ಲಿ ಬಿಳಿಯ ನವಿರಾದ ಎಳೆಗಳು ಕಾಣಿಸಿದವು. ಹಿರಿಯರ ವಸ್ತುವಿನ ಮೇಲೆ ಧೂಳು ಕೂತರೆ ನಾವು ಏನು ಮಾಡುತ್ತೇವೆಂಬುದನ್ನು ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ದಿನವೂ ಬೆಳಿಗ್ಗೆ ಒದ್ದೆ ಬಟ್ಟೆಯಿಂದ ಒರೆಸಿದೆ. ಒರೆಸಿದಷ್ಟೂ ಅವು ಹೆಚ್ಚಿದವು, ಹೆಚ್ಚಿದಷ್ಟೂ ನಾನು ಇನ್ನಷ್ಟು ಶ್ರದ್ಧೆಯಿಂದ ಒರೆಸಿದೆ. ಮರದ ತೇವಾಂಶ ಶೇಕಡ 20ಕ್ಕಿಂತ ಕೆಳಗಿದ್ದರೆ ಶಿಲೀಂಧ್ರ ಅದನ್ನು ತಿನ್ನಲಾರದೆಂಬುದು ಇಲ್ಲಿ ಎಳೆಯ ಮಕ್ಕಳಿಗೂ ಗೊತ್ತು. ಅದಕ್ಕೆ ಬೇಕಾದ ನೀರನ್ನು ನಾನೇ ನನ್ನ ಕೈಯಾರೆ ಉಣಿಸುತ್ತಿದ್ದೆ. ಮಳೆಗಾಲದ ಕೊನೆಯಲ್ಲಿ ಕೋಲನ್ನು ಎತ್ತಿದಾಗ ಅದು ಹುಲ್ಲುಕಡ್ಡಿಯಷ್ಟು ಹಗುರವಾಗಿತ್ತು. ಒಳಗಿನ ನಾರನ್ನೆಲ್ಲ ಗೋಡೆ ಕರಗಿಸಿ ಹೀರಿಕೊಂಡಿತ್ತು. ಉಳಿದದ್ದು ಕಂದು ಬಣ್ಣಕ್ಕೆ ತಿರುಗಿ, ಉದ್ದಕ್ಕೂ ಅಡ್ಡಕ್ಕೂ ಬಿರಿದು, ಸಣ್ಣ ಸಣ್ಣ ಚೌಕಗಳಾಗಿ ಅಂಗೈಯಲ್ಲಿ ಉದುರಿತು. ಯಾವುದು ತಂದೆಯ ಗೀರು, ಯಾವುದು ಕೊಳೆತ ಬಿರುಕು ಎಂಬುದನ್ನು ಬೇರ್ಪಡಿಸಲು ಆಗಲಿಲ್ಲ. ನನ್ನ ತಂಗಿ ಏಳನೆಯ ವರ್ಷದಲ್ಲಿ ತೀರಿಕೊಂಡವಳು. ಅವಳ ಎತ್ತರ ಆ ಕೋಲಿನಲ್ಲಿ ಬಿಟ್ಟು ಬೇರೆಲ್ಲಿಯೂ ದಾಖಲಾಗಿರಲಿಲ್ಲ.

ಆ ಗೋಡೆ ಈಗಲೂ ಅಲ್ಲಿಯೇ ಇದೆ. ಅದನ್ನು ನಾನು ದೂರಲಾರೆ, ಸತ್ತ ಮರವನ್ನು ತಿಂದೇ ಅದು ನಮಗೆ ಮನೆಯಾಗಿದೆ. ಗಾಯವಾದ ಎಳೆ ತನ್ನ ಒಳರಂಧ್ರವನ್ನು ತಾನೇ ಮುಚ್ಚಿಕೊಂಡು ಉಳಿದ ಭಾಗವನ್ನು ಕಾಪಾಡುವ ಈ ಊರನ್ನು ಬಿಟ್ಟು ನಾನು ಬೇರೆಲ್ಲಿಗೂ ಹೋಗುವುದಿಲ್ಲ. ಇರುಳಿನಲ್ಲಿ ಹಸಿರು ಬೆಳಕು ಬೀರುವ ಬೀದಿಗಳನ್ನು ಕಂಡಾಗ ನಿಮಗೂ ಹಾಗೆಯೇ ಅನ್ನಿಸಬಹುದು. ಆದರೂ ಆ ಮೂಲೆಗೆ ಹಾಸಿಗೆಯನ್ನು ಮತ್ತೆ ಹಾಕಿಲ್ಲ.

ತೇಗವಾದ್ದರಿಂದ ಕೊಳೆಯುವುದಿಲ್ಲವೆಂದು ನೀವು ಬರೆದಿದ್ದೀರಿ. ತೇಗದ ಚೇಗು, ಅಂದರೆ ಒಳಗಿನ ಗಟ್ಟಿ ಮರ, ಬಹುಕಾಲ ತಡೆಯುತ್ತದೆ, ನಿಜ. ಆದರೆ ಹೊರಗಿನ ಬಿಳಿಮರಕ್ಕೆ ಆ ಶಕ್ತಿಯಿಲ್ಲ, ಹಳೆಯ ತೊಟ್ಟಿಲಿನ ಯಾವ ಪಟ್ಟಿ ಯಾವುದೆಂದು ನೀವೂ ಹೇಳಲಾರಿರಿ. ಹಗ್ಗ ಹತ್ತಿಯದಾದರೆ ಅದು ಇನ್ನೂ ಬೇಗ ಹೋಗುತ್ತದೆ. ಒಣ ಮನೆಯಲ್ಲಿರುವ ಬಂಧುಗಳ ಬಳಿ ಅದನ್ನು ಬಿಟ್ಟು ಬನ್ನಿ. ಹೊರಡುವ ಮುಂಚೆ ಅದರ ಉದ್ದಗಲಗಳನ್ನೂ ಕೆತ್ತನೆಯನ್ನೂ ತಾಮ್ರದ ತಗಡಿನ ಮೇಲೆ ಒತ್ತಿ ತೆಗೆದುಕೊಳ್ಳಿ. ಮಗುವಿಗೆ ಲೋಹದ ತೊಟ್ಟಿಲೊಂದನ್ನು ನಾನು ಹೊಂದಿಸಿ ಇಡುತ್ತೇನೆ. ಮಗುವಿನ ಉದ್ದವನ್ನು ಮಾತ್ರ ಬರೆದು ಕಳಿಸಿ.